ನಾಚಿಕೆ ಯಾರ ಪಾಲಿಗೆ?

ಒಂದು ಸಿನಿಮಾದ ಗಳಿಕೆ ಹೇಗೆ ಹಂಚಿಕೆಯಾಗುತ್ತದೆ ಎಂಬುದು ಎಲ್ಲರಿಗೂ ಗೊತ್ತಿರುವ ಸಂಗತಿ. ಟಿಕೆಟಿನ ಹಣದಲ್ಲಿ ಟಾಕೀಸಿನ ಮಾಲೀಕನಿಗೆ ಒಂದು ಪಾಲು, ಹಂಚಿಕೆದಾರನಿಗೆ ಒಂದು ಪಾಲು, ನಿರ್ಮಾಪಕನಿಗೆ ಒಂದು ಪಾಲು, ತೆರಿಗೆಯ ರೂಪದಲ್ಲಿ ಸರಕಾರಕ್ಕೆ ಒಂದು ಪಾಲು. ಆದರೆ ಕೆಲವು ಸಿನಿಮಾಗಳು ಹಣದ ಜೊತೆಗೆ ಇನ್ನೊಂದನ್ನೂ ಹುಟ್ಟಿಸುತ್ತವೆ. ಅದು ನಾಚಿಕೆ. ಈ ನಾಚಿಕೆ ಯಾರ ಯಾರ ಪಾಲಿಗೆ ಎಷ್ಟು ಹೋಗುತ್ತದೆ ಎಂದು ಲೆಕ್ಕ ಹಾಕಲು ಯಾರೂ ಕೂತಂತಿಲ್ಲ. ಕೂತರೆ ಒಂದು ವಿಚಿತ್ರ ಕಾಣುತ್ತದೆ. ಹಣ ಹಲವರಿಗೆ ಹಂಚಿಹೋಗುತ್ತದೆ, ನಾಚಿಕೆ ಮಾತ್ರ ಹೆಚ್ಚುಕಡಿಮೆ ಒಬ್ಬಳ ಪಾಲಿಗೇ ಉಳಿಯುತ್ತದೆ. ಪರದೆಯ ಮೇಲೆ ಕಂಡವಳ ಪಾಲಿಗೆ. ಇದು ನ್ಯಾಯವೇ ಎಂಬುದು ಈ ಬರಹದ ಪ್ರಶ್ನೆ.

ಈ ಪ್ರಶ್ನೆಯನ್ನು ಕೇಳಲು ಬಿಡದಿಯಂಥ ಊರು ತಕ್ಕ ಜಾಗ. ಬೆಂಗಳೂರು–ಮೈಸೂರು ಹೆದ್ದಾರಿಯ ಈ ಪಟ್ಟಿಗೆ ಸಿನಿಮಾದ ಜೊತೆ ಹಳೆಯ ನಂಟಿದೆ. ಪಕ್ಕದ ರಾಮನಗರದ ಬಂಡೆಗಳ ನಡುವೆ 1973ರಿಂದ ‘ಶೋಲೆ’ಯ ಚಿತ್ರೀಕರಣ ನಡೆಯಿತು. 1975ರ ಆಗಸ್ಟ್ 15ರಂದು ಆ ಚಿತ್ರ ಬಿಡುಗಡೆಯಾದ ಮೇಲೆ ರಾಮದೇವರ ಬೆಟ್ಟ ದೇಶಕ್ಕೆಲ್ಲ ಗಬ್ಬರ್ ಸಿಂಗನ ಬೆಟ್ಟವಾಯಿತು. ಬಿಡದಿಯಲ್ಲೇ 2008ರಲ್ಲಿ ಇನ್ನೊವೇಟಿವ್ ಫಿಲ್ಮ್ ಸಿಟಿ ತೆರೆಯಿತು. 2015ರ ನಂತರ ಕನ್ನಡದ ‘ಬಿಗ್ ಬಾಸ್’ ಮನೆ ಹಲವು ಸಲ ಕಟ್ಟಿದ್ದು ಅದೇ ಆವರಣದಲ್ಲಿ. ಹತ್ತಾರು ಕ್ಯಾಮೆರಾಗಳನ್ನಿಟ್ಟು ಮನುಷ್ಯರು ಮಲಗುವುದನ್ನೂ ಅಳುವುದನ್ನೂ ನಾಡಿಗೆಲ್ಲ ತೋರಿಸುವ ಉದ್ಯಮ ಅದು. ಮನೆಮಂದಿಯೆಲ್ಲ ಕೂತು ನೋಡುವುದರಿಂದ ಅದನ್ನು ಯಾರೂ ಕದ್ದು ನೋಡುವುದು ಎಂದು ಕರೆಯುವುದಿಲ್ಲ.

ಈ ನಂಟಿಗೆ ಇನ್ನೊಂದು ಮುಖವಿದೆ, ಊರಿನ ಹೆಮ್ಮೆಯ ಪಟ್ಟಿಯಲ್ಲಿ ಅದು ಬರುವುದಿಲ್ಲ. 1980ರ ದಶಕದಿಂದ ಈ ಶತಮಾನದ ಮೊದಲ ಕೆಲವು ವರ್ಷಗಳ ವರೆಗೆ ಕರ್ನಾಟಕದ ಸಣ್ಣ ಪಟ್ಟಣಗಳ ಟಾಕೀಸುಗಳಲ್ಲಿ ಬೆಳಗಿನ ಆಟಕ್ಕೆ ಒಂದು ಬಗೆಯ ಚಿತ್ರಗಳು ಬರುತ್ತಿದ್ದವು. ಪೋಸ್ಟರಿನ ಮೂಲೆಯಲ್ಲಿ ದೊಡ್ಡದಾಗಿ ‘ಎ’ ಅಕ್ಷರ, ಕೆಳಗೆ ‘ವಯಸ್ಕರಿಗೆ ಮಾತ್ರ’ ಎಂಬ ಸಾಲು. ಮಾಗಡಿಯಾಗಲಿ ಕನಕಪುರವಾಗಲಿ ಮಂಡ್ಯವಾಗಲಿ, ಬೆಳಗಿನ ಆಟ ಎಂದರೆ ಏನೆಂದು ಬಿಡಿಸಿ ಹೇಳಬೇಕಾಗಿರಲಿಲ್ಲ. ಅವುಗಳಲ್ಲಿ ಬಹುಪಾಲು ಮಲಯಾಳಂ ಚಿತ್ರಗಳು. ಕೊನೆಗೆ ‘ಮಲಯಾಳಂ ಪಿಚ್ಚರ್’ ಎಂಬ ಮಾತೇ ಒಂದು ಮುಸಿನಗೆಯಾಯಿತು. ಅಡೂರ್ ಗೋಪಾಲಕೃಷ್ಣನ್, ಅರವಿಂದನ್ ಅವರಂಥ ನಿರ್ದೇಶಕರನ್ನು ಕೊಟ್ಟ ಭಾಷೆಯೊಂದಕ್ಕೆ ನಮ್ಮ ಊರುಗಳಲ್ಲಿ ಸಿಕ್ಕ ಮರ್ಯಾದೆ ಇದು.

ಆ ಚಿತ್ರಗಳ ಚರಿತ್ರೆ ಅಷ್ಟು ಸರಳವಲ್ಲ. 1978ರಲ್ಲಿ ಐ.ವಿ. ಶಶಿ ‘ಅವಳುಡೆ ರಾವುಕಳ್’ ಮಾಡಿದಾಗ ಅದು ಮೈ ಮಾರಿ ಬದುಕುವ ಹುಡುಗಿಯೊಬ್ಬಳ ಬದುಕನ್ನು ಮರುಕದಿಂದ ನೋಡುವ ಚಿತ್ರವಾಗಿತ್ತು. ಅದರ ಯಶಸ್ಸಿನಿಂದ ವ್ಯಾಪಾರಿಗಳು ಕಲಿತ ಪಾಠ ಮಾತ್ರ ಬೇರೆ. ಕಥೆ ಬೇಕಿಲ್ಲ, ಮರುಕ ಬೇಕಿಲ್ಲ, ಪೋಸ್ಟರ್ ಸಾಕು. 1988ರಲ್ಲಿ ಬಂದ ‘ಆದಿಪಾಪಂ’ ಆದಿ ದಂಪತಿಯ ಕಥೆಯನ್ನೇ ಇದಕ್ಕೆ ಬಳಸಿಕೊಂಡಿತು. ಮರುವರ್ಷ ಸಿಲ್ಕ್ ಸ್ಮಿತಾ ನಟಿಸಿದ ‘ಲಯನಂ’ ಬಂತು. 2000ನೇ ಇಸವಿಯಲ್ಲಿ ಆರ್.ಜೆ. ಪ್ರಸಾದ್ ನಿರ್ದೇಶಿಸಿದ ‘ಕಿನ್ನಾರತುಂಬಿಕಳ್’ ಶಕೀಲಾ ಎಂಬ ಹೆಸರನ್ನು ದಕ್ಷಿಣ ಭಾರತದ ಗೋಡೆಗೋಡೆಗೂ ಮೆತ್ತಿತು. ದೊಡ್ಡ ತಾರೆಯರ ಚಿತ್ರಗಳು ಸೋಲುತ್ತಿದ್ದ ಆ ಎರಡು ಮೂರು ವರ್ಷ ಕೇರಳದ ಎಷ್ಟೋ ಟಾಕೀಸುಗಳ ಬಾಗಿಲು ತೆರೆದಿಟ್ಟದ್ದು ಅವಳ ಚಿತ್ರಗಳು. ಉದ್ಯಮವನ್ನು ಉಳಿಸಿದವಳನ್ನು ಉದ್ಯಮ ತನ್ನವಳೆಂದು ಒಪ್ಪಿಕೊಳ್ಳಲಿಲ್ಲ.

ಇಲ್ಲಿ ಕರ್ನಾಟಕದ್ದೇ ಆದ ಒಂದು ವಿಶೇಷವನ್ನು ಗಮನಿಸಬೇಕು. 1960ರ ದಶಕದಿಂದಲೂ ಕನ್ನಡಕ್ಕೆ ಪರಭಾಷಾ ಚಿತ್ರಗಳನ್ನು ಡಬ್ ಮಾಡಬಾರದು ಎಂಬ ಅಲಿಖಿತ ನಿಷೇಧವಿತ್ತು. 2015ರಲ್ಲಿ ಸ್ಪರ್ಧಾ ಆಯೋಗ ಅದರ ವಿರುದ್ಧ ತೀರ್ಪು ಕೊಡುವ ವರೆಗೂ ಅದು ಗಟ್ಟಿಯಾಗಿಯೇ ಇತ್ತು. ಹೀಗಾಗಿ ಈ ಚಿತ್ರಗಳು ನಮ್ಮ ಪಟ್ಟಣಗಳಿಗೆ ಮಲಯಾಳಂನಲ್ಲೋ, ತಮಿಳು ತೆಲುಗು ಹಿಂದಿಗೆ ಡಬ್ ಆಗಿಯೋ ಬಂದವು. ಕನ್ನಡದಲ್ಲಿ ಬರಲಿಲ್ಲ. ನೆಲದ ಮೇಲೆ, ಬೆಂಚಿನ ಮೇಲೆ ಕೂತು ನೋಡಿದವರಲ್ಲಿ ಅನೇಕರಿಗೆ ಆ ಹೆಂಗಸು ಏನು ಹೇಳುತ್ತಿದ್ದಾಳೆ ಎಂಬುದು ಅರ್ಥವಾಗುತ್ತಿರಲಿಲ್ಲ. ಅರ್ಥವಾಗಬೇಕೆಂದು ಯಾರೂ ಕೇಳಲೂ ಇಲ್ಲ. ಪರಭಾಷೆಯ ಚಿತ್ರಗಳ ವಿರುದ್ಧ ಬೀದಿಗಿಳಿದವರೂ ಇವುಗಳಿಗೆ ಕನ್ನಡದ ಮಾತು ಬೇಕು ಎನ್ನಲಿಲ್ಲ. ಮನುಷ್ಯರೊಬ್ಬರನ್ನು ಎರಡು ಗಂಟೆ ನೋಡಿಯೂ ಅವರ ಒಂದು ಮಾತನ್ನೂ ಕೇಳಿಸಿಕೊಳ್ಳಬೇಕಾಗಿಲ್ಲ ಎಂಬ ಈ ಏರ್ಪಾಟಿನಲ್ಲೇ ಸಮಸ್ಯೆಯ ಬೇರಿದೆ ಎಂದು ನಮಗೆ ಅನಿಸುತ್ತದೆ. ಅಶ್ಲೀಲ ಎಂಬುದಕ್ಕೆ ನಾವು ಕೊಡಬಹುದಾದ ಒಂದು ವಿವರಣೆ ಇದೇ. ಬಟ್ಟೆ ಎಷ್ಟಿದೆ ಎಂಬುದರಿಂದ ಅದು ತೀರ್ಮಾನವಾಗುವುದಿಲ್ಲ. ಕಂಡವಳು ಮಾತಾಡುವ ಮನುಷ್ಯಳಾಗಿ ಉಳಿದಿದ್ದಾಳೆಯೇ ಇಲ್ಲವೇ ಎಂಬುದರಿಂದ ತೀರ್ಮಾನವಾಗುತ್ತದೆ.

ಈ ವ್ಯಾಪಾರದ ಇನ್ನೊಂದು ಕಸುಬು ‘ಬಿಟ್’ ಹಾಕುವುದು. ಸೆನ್ಸಾರ್ ಮಂಡಳಿಯ ಮುಂದೆ ಹೋಗುವ ಪ್ರತಿ ಒಂದು, ಟಾಕೀಸಿನಲ್ಲಿ ಓಡುವ ಪ್ರತಿ ಇನ್ನೊಂದು. ಪ್ರಮಾಣಪತ್ರ ಪಡೆದ ಚಿತ್ರದ ನಡುವೆ ಎಲ್ಲಿಂದಲೋ ತಂದ ತುಂಡು ರೀಲನ್ನು ಅಂಟಿಸಿ ತೋರಿಸಲಾಗುತ್ತಿತ್ತು. ಪೊಲೀಸರು ಬಂದರೆ ತುಂಡನ್ನು ಕಿತ್ತರಾಯಿತು. ಇದು ನಮ್ಮಲ್ಲಿ ಮಾತ್ರವಲ್ಲ, ಬಾಂಗ್ಲಾದೇಶದಲ್ಲೂ ‘ಕಟ್ ಪೀಸ್’ ಎಂಬ ಹೆಸರಿನಲ್ಲಿ ನಡೆದ ದಂಧೆ. ಇದರಲ್ಲಿ ಕಾನೂನು ಮೀರಿದ್ದಕ್ಕಿಂತ ಹೆಚ್ಚಿನ ಅನ್ಯಾಯವೊಂದಿದೆ. ತನ್ನ ಹೆಸರಿನಲ್ಲಿ ಬೇರೆಯವರ ದೇಹವನ್ನು ತೋರಿಸಲಾಯಿತು ಎಂದು ಶಕೀಲಾ ಹೇಳಿದ್ದಾರೆ. ಆ ಇನ್ನೊಬ್ಬಳ ಹೆಸರು ಪೋಸ್ಟರಿನಲ್ಲಿಲ್ಲ, ಅವಳ ಮುಖವೂ ಇಲ್ಲ. ಒಬ್ಬಳಿಗೆ ತಾನು ಮಾಡದ್ದರ ಅಪಕೀರ್ತಿ, ಇನ್ನೊಬ್ಬಳಿಗೆ ತಾನು ಮಾಡಿದ ದುಡಿಮೆಯ ಹೆಸರೂ ಇಲ್ಲ. ಇಬ್ಬರು ಹೆಂಗಸರನ್ನು ಕತ್ತರಿಸಿ ಅಂಟಿಸಿ ಒಬ್ಬಳನ್ನು ಮಾಡಿ ಮಾರಿದ ಕೆಲಸ ಅದು.

ಹೆಸರುಗಳ ವಿಷಯವೇ ಯೋಚಿಸುವಂಥದ್ದು. ಆಂಧ್ರದ ಬಡ ಕುಟುಂಬದಲ್ಲಿ ಹುಟ್ಟಿ, ನಾಲ್ಕನೆಯ ತರಗತಿಗೇ ಓದು ಬಿಟ್ಟ ವಿಜಯಲಕ್ಷ್ಮಿ ಎಂಬ ಹುಡುಗಿ ತಮಿಳಿನ ‘ವಂಡಿಚಕ್ಕರಂ’ ಚಿತ್ರದ ಪಾತ್ರವೊಂದರಿಂದ ‘ಸಿಲ್ಕ್’ ಆದಳು. ಬಾಲು ಮಹೇಂದ್ರರ ‘ಮೂಂಡ್ರಾಂ ಪಿರೈ’ಯಿಂದ ಹಿಡಿದು ಕನ್ನಡದ ‘ಹಳ್ಳಿ ಮೇಷ್ಟ್ರು’ ತನಕ ನೂರಾರು ಚಿತ್ರಗಳಲ್ಲಿ ಕಾಣಿಸಿಕೊಂಡಳು. 1996ರ ಸೆಪ್ಟೆಂಬರಿನಲ್ಲಿ ಮದ್ರಾಸಿನ ಮನೆಯಲ್ಲಿ ಅವಳ ಹೆಣ ಸಿಕ್ಕಾಗ ಇನ್ನೂ ಮೂವತ್ತಾರು ತುಂಬಿರಲಿಲ್ಲ. ಸತ್ತ ಮೇಲೂ ಆ ಹೆಸರು ದುಡಿಯುವುದನ್ನು ನಿಲ್ಲಿಸಲಿಲ್ಲ. 2011ರಲ್ಲಿ ಹಿಂದಿಯಲ್ಲಿ ‘ದ ಡರ್ಟಿ ಪಿಕ್ಚರ್’ ಬಂತು, 2013ರಲ್ಲಿ ಪಾಕಿಸ್ತಾನದ ನಟಿ ವೀಣಾ ಮಲಿಕ್‌ರನ್ನು ಕರೆತಂದು ಕನ್ನಡದಲ್ಲೂ ‘ಸಿಲ್ಕ್’ ಹೆಸರಿನ ಚಿತ್ರ ಮಾಡಿದರು. ರೇಷ್ಮೆಯ ನೂಲು ತೆಗೆಯಲು ಗೂಡಿನೊಳಗಿನ ಹುಳುವಿಗೆ ಏನು ಮಾಡುತ್ತಾರೆ ಎಂಬುದನ್ನು ರಾಮನಗರದ ಗೂಡು ಮಾರುಕಟ್ಟೆಯವರಿಗೆ ಹೇಳಿಕೊಡಬೇಕಾಗಿಲ್ಲ.

ಸಾವಿರಾರು ಮೈಲಿ ದೂರದ ಫಿಲಿಪ್ಪೀನ್ಸ್‌ನಲ್ಲಿಯೂ ಇಂಥದೇ ಹೆಸರುಗಳಿದ್ದವು. 1980ರ ದಶಕದ ಆರಂಭದಲ್ಲಿ ಅಲ್ಲಿನ ಪ್ರಚಾರಕನೊಬ್ಬ ಮೂವರು ಎಳೆಯ ಹುಡುಗಿಯರಿಗೆ ತಂಪುಪಾನೀಯಗಳ ಹೆಸರಿಟ್ಟು ಇಂಥ ಚಿತ್ರಗಳಿಗೆ ತಂದ. ಪೆಪ್ಸಿ, ಕೋಕಾ, ಸಾರ್ಸಿ. ಕುಡಿದು ಬಾಟಲಿ ವಾಪಸು ಕೊಡುವ ವಸ್ತುಗಳ ಹೆಸರು. ಪೆಪ್ಸಿ ಪಲೋಮಾ ಎಂದು ಹೆಸರಾದ ಹುಡುಗಿ 1985ರಲ್ಲಿ, ವಯಸ್ಸು ಇಪ್ಪತ್ತು ತುಂಬುವ ಮೊದಲೇ, ತೀರಿಕೊಂಡಳು.

ಆ ದೇಶದ ಅಗ್ಗದ ಚಿತ್ರಗಳ ಚರಿತ್ರೆಯನ್ನು ನಾವಿಲ್ಲಿ ಸ್ವಲ್ಪ ವಿವರವಾಗಿ ನೋಡಬೇಕು. ನಮ್ಮದೇ ಕಥೆ ಅಲ್ಲಿ ಹೆಚ್ಚು ಸ್ಪಷ್ಟವಾಗಿ ಕಾಣುತ್ತದೆ. 1970ರ ಸುಮಾರಿಗೆ ಅಲ್ಲಿ ‘ಬೊಂಬಾ’ ಎಂದು ಕರೆಯುವ ಚಿತ್ರಗಳ ಅಲೆ ಎದ್ದಿತು. ಆ ವರ್ಷ ಬಂದ ‘ಉಹಾವ್’ ಎಂಬ ಚಿತ್ರ ಅದಕ್ಕೆ ದಾರಿ ತೋರಿಸಿತು. ಅದೇ ಕಾಲದಲ್ಲಿ ಅಮೆರಿಕದ ರೋಜರ್ ಕೊರ್ಮನ್‌ರಂಥ ನಿರ್ಮಾಪಕರು ಕೂಲಿ ಅಗ್ಗವೆಂದು ಅಲ್ಲಿಗೆ ಬಂದು, ಸೆರೆಮನೆಯ ಹೆಂಗಸರ ಹೆಸರಿನಲ್ಲಿ ಚಿತ್ರಗಳನ್ನು ಮಾಡಿ ತಮ್ಮ ದೇಶದ ಬಯಲು ಟಾಕೀಸುಗಳಿಗೆ ಕಳಿಸುತ್ತಿದ್ದರು. 1972ರ ಸೆಪ್ಟೆಂಬರಿನಲ್ಲಿ ಸರ್ವಾಧಿಕಾರಿ ಮಾರ್ಕೋಸ್ ಸೈನಿಕ ಕಾನೂನು ಹೇರಿದ. ದೇಶಕ್ಕೆ ‘ಹೊಸ ಸಮಾಜ’ ಬೇಕು, ಶಿಸ್ತು ಬೇಕು, ನೀತಿ ಬೇಕು ಎಂದ. ಬೊಂಬಾ ಚಿತ್ರಗಳು ನಿಂತವು. ಬತ್ತಲೆ ತೋರಿಸಬಾರದೆಂದ ಮೇಲೆ ನಿರ್ಮಾಪಕರು ಒದ್ದೆ ಬಟ್ಟೆಯನ್ನು ಕಂಡುಹಿಡಿದರು. ನಟಿಯನ್ನು ತೆಳು ಉಡುಪಿನಲ್ಲಿ ನೀರಿಗಿಳಿಸಿದರೆ ಕಾನೂನೂ ಉಳಿಯಿತು, ಗಲ್ಲಾಪೆಟ್ಟಿಗೆಯೂ ತುಂಬಿತು. ನಮ್ಮ ಚಿತ್ರಗಳ ಮಳೆಯ ಹಾಡುಗಳನ್ನು ಕಂಡವರಿಗೆ ಇದು ಹೊಸದೇನಲ್ಲ.

ಮುಂದಿನದು ಇನ್ನೂ ಕಹಿ. 1982ರ ಚಿತ್ರೋತ್ಸವಕ್ಕೆಂದು ಮನಿಲಾದಲ್ಲಿ ಅವಸರದಿಂದ ಭವ್ಯ ಫಿಲ್ಮ್ ಸೆಂಟರ್ ಕಟ್ಟಿಸಿದರು. 1981ರ ನವೆಂಬರ್ 17ರ ನಸುಕಿನಲ್ಲಿ ಸಾರುವೆ ಕುಸಿದು ಕೂಲಿಗಳು ಹಸಿ ಕಾಂಕ್ರೀಟಿನಲ್ಲಿ ಹೂತುಹೋದರು. ಎಷ್ಟು ಮಂದಿ ಸತ್ತರೆಂಬುದು ಇಂದಿಗೂ ವಿವಾದವಾಗಿಯೇ ಉಳಿದಿದೆ. ನೀತಿಯ ಹೆಸರಿನಲ್ಲಿ ಬೊಂಬಾ ಚಿತ್ರಗಳನ್ನು ನಿಲ್ಲಿಸಿದ ಅದೇ ಆಡಳಿತ, ಹಣ ಬೇಕಾದಾಗ ಅದೇ ಕಟ್ಟಡದಲ್ಲಿ ಸೆನ್ಸಾರಿಲ್ಲದ ಕಾಮಚಿತ್ರಗಳನ್ನು ತೋರಿಸಿ ಟಿಕೆಟ್ ಮಾರಿತು. ಅದನ್ನು ನಡೆಸಿದ ಸಂಸ್ಥೆಯ ಮುಖ್ಯಸ್ಥೆ ಸರ್ವಾಧಿಕಾರಿಯ ಮಗಳು. ಪೆಪ್ಸಿ, ಕೋಕಾ ಎಂಬ ಹುಡುಗಿಯರ ಕಾಲ ಇದೇ. ನೀತಿಯನ್ನು ಕಾಯುತ್ತೇನೆ ಎನ್ನುವ ಪ್ರಭುತ್ವ ನಿಜಕ್ಕೂ ಕಾಯುವುದು ನೀತಿಯನ್ನಲ್ಲ, ಅನುಮತಿ ಕೊಡುವ ತನ್ನ ಅಧಿಕಾರವನ್ನು. ಈ ಪಾಠಕ್ಕೆ ಇದಕ್ಕಿಂತ ಒಳ್ಳೆಯ ಉದಾಹರಣೆ ಸಿಗುವುದು ಕಷ್ಟ.

ನಮ್ಮಲ್ಲಿ ಸರ್ವಾಧಿಕಾರಿಯಿರಲಿಲ್ಲ ಎಂದು ಸಮಾಧಾನ ಪಟ್ಟುಕೊಳ್ಳುವ ಮೊದಲು ಬೆಳಗಿನ ಆಟದ ಲೆಕ್ಕವನ್ನು ಇನ್ನೊಮ್ಮೆ ನೋಡಿ. ಆ ಚಿತ್ರಗಳಿಗೆ ‘ಎ’ ಪ್ರಮಾಣಪತ್ರ ಕೊಟ್ಟದ್ದು ಸರಕಾರದ ಮಂಡಳಿ. ಟಾಕೀಸಿಗೆ ಲೈಸೆನ್ಸ್ ಕೊಟ್ಟದ್ದು ಸರಕಾರ. 2017ರಲ್ಲಿ ಜಿಎಸ್‌ಟಿ ಬರುವ ವರೆಗೆ ಪರಭಾಷಾ ಚಿತ್ರಗಳ ಟಿಕೆಟಿನಿಂದ ಮನರಂಜನಾ ತೆರಿಗೆ ಪಡೆದದ್ದು ರಾಜ್ಯದ ಬೊಕ್ಕಸ. ಆ ಹಣದಿಂದ ರಸ್ತೆಯಾಯಿತು, ಸಂಬಳವಾಯಿತು. ಆ ರಸ್ತೆಯ ಮೇಲೆ ನಡೆಯಲು ಯಾರಿಗೂ ನಾಚಿಕೆಯಾಗುವುದಿಲ್ಲ. ಆಗಬೇಕು ಎಂದು ನಾವು ಹೇಳುತ್ತಿಲ್ಲ. ರಸ್ತೆಗೆ ಅಂಟದ ಕಳಂಕ ಒಬ್ಬ ಹೆಂಗಸಿನ ಬದುಕಿಗೆ ಮಾತ್ರ ಏಕೆ ಅಂಟಬೇಕು ಎಂದು ಕೇಳುತ್ತಿದ್ದೇವೆ.

ಇದಕ್ಕೆ ಉತ್ತರದ ಒಂದು ಭಾಗ ರಾಮನಗರದ ಬಂಡೆಗಳ ನಡುವೆಯೇ ಇದೆ. ‘ಶೋಲೆ’ಯಲ್ಲಿ ಗಬ್ಬರ್ ಸಿಂಗನ ಅಡ್ಡೆಯಲ್ಲಿ ಬಸಂತಿ ಕುಣಿಯುವ ದೃಶ್ಯ ನೆನಪು ಮಾಡಿಕೊಳ್ಳಿ. ಪ್ರಿಯಕರನ ಜೀವ ಉಳಿಯಬೇಕಾದರೆ ಅವಳು ಬಂದೂಕು ಹಿಡಿದ ಗಂಡಸರ ಮುಂದೆ ಕುಣಿಯಬೇಕು. ಕಾಲಡಿಯಲ್ಲಿ ಒಡೆದ ಗಾಜು. ನೋಡುತ್ತಾ ಕೂತ ಡಕಾಯಿತರು ಒಂದು ಕಡೆ, ಅವರ ಜಾಗದಿಂದಲೇ ನೋಡುವ ಪ್ರೇಕ್ಷಕರು ಇನ್ನೊಂದು ಕಡೆ. ಬಲವಂತಕ್ಕೊಳಗಾದ ಹೆಂಗಸಿನ ನೋವನ್ನು ಮನರಂಜನೆಯಾಗಿ ನೋಡುವುದಕ್ಕೆ ಇದಕ್ಕಿಂತ ನೇರವಾದ ಉದಾಹರಣೆ ಬೇಕೆ? ಆದರೂ ಅದು ಮನೆಮಂದಿಯ ಚಿತ್ರ. ಸೆನ್ಸಾರಿನವರು ತುರ್ತುಪರಿಸ್ಥಿತಿಯ ಆ ದಿನಗಳಲ್ಲಿ ತಕರಾರು ತೆಗೆದದ್ದು ಠಾಕೂರ್ ಗಬ್ಬರನನ್ನು ಕೊಲ್ಲುವ ಕೊನೆಯ ಬಗ್ಗೆ. ಬಸಂತಿಯಾಗಿ ನಟಿಸಿದ ಹೇಮಾಮಾಲಿನಿ ಮುಂದೆ ಲೋಕಸಭೆಗೆ ಆಯ್ಕೆಯಾದರು, ಆಗಬೇಕಾದದ್ದೇ. ನಮ್ಮ ಮಾತು ಅವರ ಮೇಲಲ್ಲ. ದೊಡ್ಡ ಬಂಡವಾಳದ ಚಿತ್ರದಲ್ಲಿ ನೋಟ ಕಲೆಯಾಗುತ್ತದೆ, ಸಣ್ಣ ಬಂಡವಾಳದ ಚಿತ್ರದಲ್ಲಿ ಅದೇ ನೋಟ ಹೊಲಸಾಗುತ್ತದೆ ಎಂಬುದನ್ನು ನಾವು ಗುರುತಿಸಬೇಕು. ನೀರಿನ ಹಾಗೆ ನಾಚಿಕೆಯೂ ತಗ್ಗಿದ್ದ ಕಡೆಗೆ ಹರಿಯುತ್ತದೆ. ನಾವು ನೀತಿ ಎಂದುಕೊಂಡಿದ್ದರಲ್ಲಿ ಬಹುಪಾಲು ವರ್ಗಭೇದ.

ಇಷ್ಟು ಹೇಳಿದ ಮೇಲೆ ಎದುರಾಗುವ ಆಕ್ಷೇಪಣೆಗಳನ್ನು ನೋಡೋಣ.

ಮೊದಲನೆಯದು: ಅವಳು ಒಪ್ಪಿಕೊಂಡೇ ನಟಿಸಿದಳಲ್ಲ, ದುಡ್ಡು ತೆಗೆದುಕೊಂಡಳಲ್ಲ, ಇನ್ನೇನು? ಈ ವಾದದಲ್ಲಿ ಸತ್ಯವಿಲ್ಲದಿಲ್ಲ. ಹೆಂಗಸರೆಲ್ಲ ಏನೂ ತಿಳಿಯದ ಬಲಿಪಶುಗಳು ಎಂದು ಮರುಕ ತೋರಿಸುವುದೂ ಒಂದು ಬಗೆಯ ಅವಮಾನವೇ. ಶಕೀಲಾ 2013ರಲ್ಲಿ ಮಲಯಾಳಂನಲ್ಲಿ ತಮ್ಮ ಆತ್ಮಕಥೆ ಪ್ರಕಟಿಸಿದರು, ಅವರ ಮಾತಿನಲ್ಲಿ ಅಳುಬುರುಕುತನವಿಲ್ಲ. ಆದರೆ ಒಪ್ಪಿಗೆ ಎಂಬುದು ಎಲ್ಲರ ಬಳಿಯೂ ಒಂದೇ ತೂಕದ್ದಲ್ಲ. ಮನೆಯಲ್ಲಿ ಬಡತನ, ತಲೆಯ ಮೇಲೆ ಕುಟುಂಬದ ಭಾರ, ಕೈಯಲ್ಲಿ ಬೇರೆ ಕಸುಬಿಲ್ಲ ಎಂಬಾಗ ಬರುವ ‘ಹೂಂ’ಗೂ, ಹತ್ತು ದಾರಿಗಳ ನಡುವೆ ಒಂದನ್ನು ಆರಿಸಿಕೊಂಡವರ ‘ಹೂಂ’ಗೂ ವ್ಯತ್ಯಾಸವಿದೆ. ಅಷ್ಟಲ್ಲದೆ, ಅವಳು ಒಪ್ಪಿದ್ದು ಒಂದು ಚಿತ್ರಕ್ಕೆ. ಅಂಟಿಸಿದ ತುಂಡಿಗೆ ಒಪ್ಪಿರಲಿಲ್ಲ. ಬದುಕಿಡೀ ಮನೆ ಬಾಡಿಗೆ ಸಿಗದಂಥ, ಮದುವೆ ಮಾತು ಮುರಿಯುವಂಥ ಹೆಸರಿಗೆ ಒಪ್ಪಿರಲಿಲ್ಲ. ಕೂಲಿ ಪಡೆದವಳು ಕೂಲಿಯಷ್ಟಕ್ಕೆ ಬದ್ಧಳು. ಮಿಕ್ಕದ್ದನ್ನು ನಾವು ಅವಳಿಂದ ಕಸಿದುಕೊಂಡದ್ದು.

ಎರಡನೆಯದು: ಹಾಗಿದ್ದರೆ ಎಲ್ಲವನ್ನೂ ನಿಷೇಧಿಸಿಬಿಡಿ. ಓದುಗರಲ್ಲಿ ಅನೇಕರಿಗೆ ಇದು ಸರಿಯೆನಿಸಬಹುದು. ಮಕ್ಕಳನ್ನು ಬಳಸುವುದು, ಬಲವಂತ, ಮೋಸದ ಚಿತ್ರೀಕರಣ, ಇವುಗಳಿಗೆ ಕಠಿಣ ಶಿಕ್ಷೆಯೇ ಆಗಬೇಕು, ಅದರಲ್ಲಿ ಎರಡು ಮಾತಿಲ್ಲ. ಆದರೆ ಸಾರಾಸಗಟು ನಿಷೇಧದ ಫಲವೇನೆಂಬುದನ್ನು ಮನಿಲಾದ ಕಥೆ ಹೇಳಿದೆ. ಇಲ್ಲಿಯೂ 2024ರ ಮಾರ್ಚಿನಲ್ಲಿ 18, 2025ರ ಜುಲೈಯಲ್ಲಿ 25 ಒಟಿಟಿ ತಾಣಗಳನ್ನು ಕೇಂದ್ರ ಸರಕಾರ ತಡೆಹಿಡಿಯಿತು. ತಾಣ ಮುಚ್ಚುವುದು ಆದೇಶದ ಕೆಲಸ. ಅಲ್ಲಿ ದುಡಿದ ಹೆಂಗಸರಿಗೆ ಬಾಕಿ ಸಂಬಳ ಬಂತೇ, ಅವರ ದೃಶ್ಯಗಳು ಬೇರೆ ಕಡೆ ಹರಿದಾಡುವುದು ನಿಂತಿತೇ ಎಂಬ ಪ್ರಶ್ನೆಗಳು ಆದೇಶಕ್ಕೆ ಸೇರಿದವಲ್ಲ. ನಿಷೇಧ ಬಂದಾಗಲೆಲ್ಲ ವ್ಯಾಪಾರ ಇನ್ನಷ್ಟು ಕತ್ತಲಿಗೆ ಸರಿಯುತ್ತದೆ, ಕತ್ತಲಲ್ಲಿ ದುಡಿಯುವವರ ಕೂಲಿ ಇನ್ನಷ್ಟು ಇಳಿಯುತ್ತದೆ. ಫಿಲಿಪ್ಪೀನ್ಸ್‌ನಲ್ಲೂ ಟಾಕೀಸಿನಿಂದ ಮಾಯವಾದ ಈ ಚಿತ್ರಗಳು 2021ರಲ್ಲಿ, ಕೊರೊನಾ ಕಾಲದ ಬಾಗಿಲು ಮುಚ್ಚಿದ ಮನೆಗಳಿಗೆ, ‘ವಿವಾಮ್ಯಾಕ್ಸ್’ ಎಂಬ ಮೊಬೈಲ್ ತಾಣವಾಗಿ ಮರಳಿದವು.

ಮೂರನೆಯದು ಕಲಾಸ್ವಾತಂತ್ರ್ಯದ ವಾದ. ಇದನ್ನು ನಾವು ಗೌರವದಿಂದ ಕೇಳಬೇಕು. ಖ್ವಾಜಾ ಅಹ್ಮದ್ ಅಬ್ಬಾಸ್ ನಗರಗಳ ಸಿರಿತನ ಬಡತನಗಳ ಬಗ್ಗೆ ಮಾಡಿದ ಕಿರುಚಿತ್ರದಲ್ಲಿ ಮುಂಬಯಿಯ ವೇಶ್ಯಾವಾಟಿಕೆಯ ಕೆಲವು ದೃಶ್ಯಗಳಿದ್ದವು. ಅದಕ್ಕೆ ಎಲ್ಲರೂ ನೋಡುವ ಪ್ರಮಾಣಪತ್ರ ಬೇಕಾದರೆ ಆ ದೃಶ್ಯಗಳನ್ನು ಕತ್ತರಿಸಬೇಕೆಂದಾಗ ಅಬ್ಬಾಸ್ ಸುಪ್ರೀಂ ಕೋರ್ಟಿಗೆ ಹೋದರು. 1970ರಲ್ಲಿ ಮುಖ್ಯ ನ್ಯಾಯಮೂರ್ತಿ ಹಿದಾಯತುಲ್ಲಾ ಸೆನ್ಸಾರ್ ವ್ಯವಸ್ಥೆಯನ್ನು ಎತ್ತಿಹಿಡಿದರೂ, ಕಾಮವೆಲ್ಲ ಅಶ್ಲೀಲವಲ್ಲ, ಕಲೆಗೆ ಜಾಗ ಬಿಡದ ನಿಯಮ ಸರಿಯಲ್ಲ ಎಂಬ ವಿವೇಕವನ್ನು ತೀರ್ಪಿನಲ್ಲಿ ಸೇರಿಸಿದರು. 1996ರಲ್ಲಿ ಶೇಖರ್ ಕಪೂರರ ‘ಬ್ಯಾಂಡಿಟ್ ಕ್ವೀನ್’ ವಿಷಯದಲ್ಲಿ ಅದೇ ನ್ಯಾಯಾಲಯ, ಹೆಂಗಸೊಬ್ಬಳ ಅವಮಾನವನ್ನು ತೋರಿಸುವ ಬತ್ತಲೆ ದೃಶ್ಯ ಕಾಮವನ್ನಲ್ಲ, ನೋಡುಗನಲ್ಲಿ ಅಸಹ್ಯವನ್ನು ಹುಟ್ಟಿಸುತ್ತದೆ ಎಂದು ಅದನ್ನು ಉಳಿಸಿತು. ಇವೆರಡೂ ಒಳ್ಳೆಯ ತೀರ್ಪುಗಳೇ. ಆದರೆ ಅದೇ ಚಿತ್ರದ ವಿರುದ್ಧ 1994ರಲ್ಲಿ ದೆಹಲಿ ಹೈಕೋರ್ಟಿನ ಮೆಟ್ಟಿಲು ಹತ್ತಿದವಳು ಸ್ವತಃ ಫೂಲನ್ ದೇವಿ ಎಂಬುದನ್ನು ಮರೆಯಬಾರದು. ತನ್ನ ಮೇಲಿನ ಅತ್ಯಾಚಾರವನ್ನು ತನ್ನನ್ನು ಕೇಳದೆ ತೋರಿಸಿದ್ದಾರೆ ಎಂಬುದು ಅವಳ ದೂರು. ಮುಂದೆ ಆ ವ್ಯಾಜ್ಯ ರಾಜಿಯಲ್ಲಿ ಮುಗಿಯಿತು. ನಿರ್ದೇಶಕನ ಸ್ವಾತಂತ್ರ್ಯದ ಬಗ್ಗೆ ನಾವು ಎಷ್ಟೋ ಮಾತಾಡಿದ್ದೇವೆ. ತೆರೆಯ ಮೇಲೆ ಬಂದವಳಿಗೂ ಒಂದು ಸ್ವಾತಂತ್ರ್ಯವಿದೆ ಎಂಬುದನ್ನು ಕಲೆಯ ಪರವಾಗಿ ನಿಂತವರೂ ಕಡೆಗಣಿಸಿದ್ದಾರೆ.

ಹಾಗೆಂದು ಅಗ್ಗದ ಚಿತ್ರಗಳೆಲ್ಲ ಕಸವೆಂದು ತಳ್ಳಿಹಾಕುವಂತಿಲ್ಲ. 1990ರ ದಶಕದ ಕೊನೆಗೆ ಫಿಲಿಪ್ಪೀನ್ಸ್‌ನಲ್ಲಿ ‘ಪಿಟೊ ಪಿಟೊ’ ಎಂಬ ಪದ್ಧತಿ ಬಂತು. ಹಾಗೆಂದರೆ ‘ಏಳೇಳು’. ತಯಾರಿಗೆ ಏಳು ದಿನ, ಚಿತ್ರೀಕರಣಕ್ಕೆ ಏಳು ದಿನ, ಸಂಕಲನಕ್ಕೆ ಏಳು ದಿನ. ಆ ಗಾಣದಲ್ಲಿ ದುಡಿದು ಮೊದಲ ಚಿತ್ರ ಮಾಡಿದ ಲಾವ್ ಡಯಾಸ್ 2016ರಲ್ಲಿ ವೆನಿಸ್ ಚಿತ್ರೋತ್ಸವದ ಅತ್ಯುನ್ನತ ಪ್ರಶಸ್ತಿ ಪಡೆದರು. ಕನ್ನಡದಲ್ಲಿ 1984ರಲ್ಲಿ ಕಾಶೀನಾಥ್ ‘ಅನುಭವ’ ಮಾಡಿದಾಗ ಮೂಗು ಮುರಿದವರು ಬಹಳ. ಆದರೆ ಲೈಂಗಿಕ ಅಜ್ಞಾನದಲ್ಲೇ ಮದುವೆಗೆ ತಳ್ಳಿಸಿಕೊಂಡವರ ಪಾಡನ್ನು ಆ ಚಿತ್ರ ಬಾಯಿಬಿಟ್ಟು ಹೇಳಿತು. ಅದರಲ್ಲಿ ನಟಿಸಿದ ಉಮಾಶ್ರೀ ಅನಂತರ ಎಷ್ಟೋ ವರ್ಷ ದ್ವಂದ್ವಾರ್ಥದ ಹಾಸ್ಯ ಪಾತ್ರಗಳಿಗೇ ಸೀಮಿತರಾದರು. ಅವರೇ ಗಿರೀಶ್ ಕಾಸರವಳ್ಳಿಯವರ ‘ಗುಲಾಬಿ ಟಾಕೀಸ್’ನಲ್ಲಿ ಸಿನಿಮಾದ ಹುಚ್ಚಿನ ಮುಸ್ಲಿಂ ಸೂಲಗಿತ್ತಿಯಾಗಿ ರಾಷ್ಟ್ರಪ್ರಶಸ್ತಿ ಪಡೆದರು, 2013ರಲ್ಲಿ ರಾಜ್ಯದ ಸಚಿವೆಯಾದರು. ಆ ಪ್ರತಿಭೆ ಮೊದಲೂ ಅವರಲ್ಲಿ ಇದ್ದದ್ದೇ. ತಡವಾಗಿ ಬಂದದ್ದು ಅವರ ಮಾತನ್ನು ಕೇಳಿಸಿಕೊಳ್ಳುವ ಪಾತ್ರ. ಸ್ಮಿತಾಳಿಗೆ ಆ ಪಾತ್ರ ಬರಲೇ ಇಲ್ಲ.

ಇನ್ನು ನೋಡುಗನ ಮಾತು. ಅವನನ್ನು ರಾಕ್ಷಸನನ್ನಾಗಿ ಮಾಡುವುದು ಸುಲಭ, ಆದರೆ ಸರಿಯಲ್ಲ. 1999ರ ಕೊನೆಗೆ ಬಿಡದಿಯಲ್ಲಿ ಟೊಯೊಟಾ ಕಾರ್ಖಾನೆ ಉತ್ಪಾದನೆ ಆರಂಭಿಸಿತು. ಅದರ ಸುತ್ತ ಇನ್ನೆಷ್ಟೋ ಕಾರ್ಖಾನೆಗಳು ಬಂದವು. ದೂರದ ಜಿಲ್ಲೆಗಳಿಂದ, ಬೇರೆ ರಾಜ್ಯಗಳಿಂದ ಬಂದ ಹುಡುಗರು ಒಂದೊಂದು ಬಾಡಿಗೆ ಕೋಣೆಯಲ್ಲಿ ನಾಲ್ಕೈದು ಮಂದಿ ಉಳಿದರು. ಮನೆ ದೂರ, ಮದುವೆ ದೂರ, ಹೆಣ್ಣಿನ ಜೊತೆ ಗೌರವದಿಂದ ನಾಲ್ಕು ಮಾತಾಡುವ ಅವಕಾಶವೂ ದೂರ. ಇಂಥವರಿಗೆ ದೇಹದ ಬಗ್ಗೆ ತಿಳಿಸಿಕೊಟ್ಟವರು ಯಾರು? 2007ರಲ್ಲಿ ಶಾಲೆಗಳಲ್ಲಿ ಹದಿಹರೆಯದ ಶಿಕ್ಷಣ ಕಾರ್ಯಕ್ರಮ ತರಲು ಹೊರಟಾಗ ಸಂಸ್ಕೃತಿ ಕೆಡುತ್ತದೆಂದು ಹಲವು ರಾಜ್ಯಗಳು ತಡೆದವು, ಅವುಗಳಲ್ಲಿ ಕರ್ನಾಟಕವೂ ಒಂದು. ತರಗತಿಯಲ್ಲಿ ಹೇಳಬಾರದು ಎಂದವರು ಬೆಳಗಿನ ಆಟವನ್ನು ಮೇಷ್ಟ್ರ ಕುರ್ಚಿಯಲ್ಲಿ ಕೂರಿಸಿದರು. ಆ ಮೇಷ್ಟ್ರು ಕಲಿಸಿದ್ದು ಒಂದೇ ಪಾಠ: ಹೆಣ್ಣು ಎಂದರೆ ನೋಡುವ ವಸ್ತು.

ಆದ್ದರಿಂದ ಆ ಹುಡುಗನ ಒಂಟಿತನ ನಮಗೆ ಅರ್ಥವಾಗುತ್ತದೆ. ಆದರೆ ಅರ್ಥವಾಗುವುದಕ್ಕೂ ಹೊಣೆಯಿಂದ ಬಿಡುಗಡೆ ಕೊಡುವುದಕ್ಕೂ ವ್ಯತ್ಯಾಸವಿದೆ. ನೋಡಿದವನು ಹೊರಬಂದು, ತಾನು ನೋಡಿದವಳನ್ನೇ ಹೊಲಸು ಎಂದು ಬೈಯುವ ಕ್ಷಣದಲ್ಲಿ ಅವನ ತಪ್ಪು ಶುರುವಾಗುತ್ತದೆ. ಅಲ್ಲಿಯ ತನಕ ಅದು ಹಸಿವು, ಅಲ್ಲಿಂದ ಮುಂದೆ ಅದು ಅನ್ಯಾಯ. ತನ್ನ ಪಾಲಿನ ನಾಚಿಕೆಯನ್ನೂ ಅವಳ ತಲೆಗೆ ಕಟ್ಟಿ ಅವನು ಹಗುರಾಗಿ ಮನೆಗೆ ಹೋಗುತ್ತಾನೆ. ಇದು ಬಡ ಕೂಲಿಗಳ ಗುಣ ಮಾತ್ರ ಎಂದುಕೊಳ್ಳಬೇಡಿ. 2012ರ ಫೆಬ್ರವರಿಯಲ್ಲಿ ವಿಧಾನಸಭೆಯ ಅಧಿವೇಶನ ನಡೆಯುತ್ತಿರುವಾಗಲೇ ಮೊಬೈಲಿನಲ್ಲಿ ಅಶ್ಲೀಲ ದೃಶ್ಯ ನೋಡಿದ ಆರೋಪದ ಮೇಲೆ ರಾಜ್ಯದ ಮೂವರು ಸಚಿವರು ರಾಜೀನಾಮೆ ಕೊಡಬೇಕಾಯಿತು. ತಾವು ತಪ್ಪು ಮಾಡಿಲ್ಲವೆಂದು ಅವರು ಹೇಳಿದರು. ಅವರಲ್ಲಿ ಇಬ್ಬರು 2019ರಲ್ಲಿ ಮತ್ತೆ ಸಚಿವರಾದರು. ನೋಡಿದನೆಂಬ ಆರೋಪ ಹೊತ್ತವನಿಗೆ ನಾಲ್ಕು ವರ್ಷವೋ ಏಳು ವರ್ಷವೋ ಕಳೆದರೆ ಕ್ಷಮೆಯಿದೆ. ಕಂಡವಳಿಗೆ ಸತ್ತ ಮೇಲೂ ಇಲ್ಲ.

ಇಲ್ಲಿ ನಮ್ಮ ಸಮುದಾಯಕ್ಕೂ ಒಂದು ಮಾತಿದೆ. ಶಕೀಲಾ ಹುಟ್ಟಿದ್ದು ಮುಸ್ಲಿಂ ಕುಟುಂಬದಲ್ಲಿ. ಆ ಹೆಸರು ಪೋಸ್ಟರುಗಳಲ್ಲಿ ಮಿಂಚಿದಾಗ ಸಮುದಾಯದ ಮರ್ಯಾದೆ ಹೋಯಿತೆಂದು ಗೊಣಗಿದವರಿದ್ದರು, ಬೇರೆಯವರಿಗೆ ಅದೇ ಹೆಸರು ಇನ್ನೊಂದು ಗೇಲಿಯಾಗಿ ಒದಗಿತು. ಒಬ್ಬ ಹೆಣ್ಣುಮಗಳು ಎಳೆಯ ವಯಸ್ಸಿನಲ್ಲೇ ಮನೆಯ ಭಾರ ಹೊತ್ತು ದುಡಿಯಲು ಹೊರಟಾಗ ಸಮುದಾಯದ ಮರ್ಯಾದೆ ಎಲ್ಲಿತ್ತು ಎಂದು ಕೇಳಿದವರು ಮಾತ್ರ ವಿರಳ. ಕಷ್ಟದಲ್ಲಿ ನಮ್ಮವಳಲ್ಲದವಳು ಕಳಂಕದಲ್ಲಿ ಮಾತ್ರ ನಮ್ಮವಳಾಗುವುದು ಹೇಗೆ? ಈ ಪ್ರಶ್ನೆ ಎಲ್ಲ ಜಾತಿ ಧರ್ಮಗಳಿಗೂ ಅನ್ವಯಿಸುತ್ತದೆ. 2020ರಲ್ಲಿ ಕನ್ನಡದ ಇಂದ್ರಜಿತ್ ಲಂಕೇಶ್ ಅವಳ ಬದುಕನ್ನೇ ‘ಶಕೀಲಾ’ ಎಂಬ ಚಿತ್ರವಾಗಿ ಮಾಡಿದರು. ಚಿತ್ರ ಹೇಗಿದೆ ಎಂಬುದು ಬೇರೆ ಮಾತು, ಅವಳಿಗೂ ಒಂದು ಕಥೆಯಿದೆ ಎಂದು ಒಪ್ಪಿಕೊಂಡದ್ದು ಒಂದು ಹೆಜ್ಜೆ.

ಹಾಗಾದರೆ ಏನು ಮಾಡಬೇಕು? ದೊಡ್ಡ ಪರಿಹಾರ ನಮ್ಮ ಬಳಿ ಇಲ್ಲ. ಎರಡು ಸಣ್ಣ ಮಾತುಗಳಿವೆ. ಒಂದು, ಇದನ್ನು ಶೀಲದ ಪ್ರಶ್ನೆಯಾಗಿ ನೋಡುವ ಮೊದಲು ದುಡಿಮೆಯ ಪ್ರಶ್ನೆಯಾಗಿ ನೋಡಬೇಕು. ಒಪ್ಪಂದವಿತ್ತೇ, ಕೂಲಿ ಕೊಟ್ಟರೇ, ಬಲವಂತವಿತ್ತೇ, ದೂರು ಕೊಡಲು ಜಾಗವಿತ್ತೇ? ಕೇರಳದ ಹೇಮಾ ಸಮಿತಿಯ ವರದಿ 2019ರ ಕೊನೆಗೆ ಸರಕಾರದ ಕೈಸೇರಿ, 2024ರ ಆಗಸ್ಟಿನಲ್ಲಿ ಹೊರಬಂತು. ಮರ್ಯಾದಸ್ಥ ಎನಿಸಿಕೊಂಡ ಚಿತ್ರರಂಗದಲ್ಲೇ ಹೆಂಗಸರಿಗೆ ಬಟ್ಟೆ ಬದಲಿಸಲು, ಶೌಚಕ್ಕೆ ಹೋಗಲು ಜಾಗವಿಲ್ಲ ಎಂದು ಅದು ಹೇಳಿತು. ಕರ್ನಾಟಕದಲ್ಲೂ ಅಂಥ ಸಮಿತಿ ಬೇಕೆಂದು ಚಿತ್ರರಂಗದ ಕೆಲವರು ಅದೇ ವರ್ಷ ಮುಖ್ಯಮಂತ್ರಿಯವರನ್ನು ಕೇಳಿದರು. ದೊಡ್ಡ ಚಿತ್ರಗಳ ಸ್ಥಿತಿಯೇ ಹೀಗಿದ್ದರೆ ಹೆಸರಿಲ್ಲದ ತುಂಡು ರೀಲುಗಳಲ್ಲಿ, ಇವತ್ತಿನ ಮೊಬೈಲ್ ಚಿತ್ರಗಳಲ್ಲಿ ದುಡಿದವರ ಸ್ಥಿತಿ ಏನಿರಬೇಕು? ಇಂಥ ವಿಚಾರಣೆಯ ವ್ಯಾಪ್ತಿಯೊಳಗೆ ಅವರೂ ಬರಬೇಕು.

ಇನ್ನೊಂದು ಮಾತು ನಮ್ಮ ನಮ್ಮ ಮನೆಗಳದ್ದು. ಬೆಳಗಿನ ಆಟದ ಕಾಲ ಮುಗಿದಿದೆ. ಆ ಟಾಕೀಸುಗಳಲ್ಲಿ ಎಷ್ಟೋ ಕಡೆ ಈಗ ಮದುವೆ ಛತ್ರಗಳೋ ಮಳಿಗೆಗಳೋ ನಿಂತಿವೆ. ನೋಡುವವನು ಈಗ ತಲೆಗೆ ಟವೆಲು ಹೊದ್ದು ಟಿಕೆಟ್ ಕಿಟಕಿಯ ಮುಂದೆ ನಿಲ್ಲಬೇಕಿಲ್ಲ, ಅಷ್ಟು ನಾಚಿಕೆಯೂ ಅವನಿಂದ ದೂರವಾಗಿದೆ. ಯಾರದೋ ಮನೆಯ ಹುಡುಗಿಯ ದೃಶ್ಯವೊಂದು ಅವಳ ಒಪ್ಪಿಗೆಯಿಲ್ಲದೆ ಜೇಬಿನಲ್ಲಿರುವ ಫೋನಿಗೆ ಬಂದಾಗ, ಅದನ್ನು ಮುಂದಕ್ಕೆ ಕಳಿಸುವ ಮೊದಲು ಒಂದು ಕ್ಷಣ ಬೆರಳು ನಿಲ್ಲುವಂತೆ ನಮ್ಮ ಗಂಡುಮಕ್ಕಳನ್ನು ಬೆಳೆಸಬೇಕಾಗಿದೆ. ಹೆಣ್ಣುಮಕ್ಕಳಿಗೆ ನಾಚಿಕೆ ಕಲಿಸಲು ಈ ಸಮಾಜ ಎಷ್ಟೋ ಶತಮಾನ ಖರ್ಚು ಮಾಡಿದೆ. ಅದರ ಒಂದು ಪಾಲನ್ನು ಇನ್ನಾದರೂ ಗಂಡುಮಕ್ಕಳಿಗೆ ಕೊಟ್ಟರೆ ಲೆಕ್ಕ ಸ್ವಲ್ಪ ಸರಿಹೋದೀತು.